ದುಪ್ಪಟ್ಟಿನ ಗೆರೆ

2023ರ ಯುಗಾದಿಯ ಮಾರನೇ ದಿನ. ಊರಿಂದ ಬಂದಿದ್ದ ಅಪ್ಪ ಕೆ.ಆರ್. ಪುರದ ನಮ್ಮ ಫ್ಲ್ಯಾಟಿನ ಬಾಲ್ಕನಿಯಲ್ಲಿ ಕೂತು ಕಾಫಿ ಕುಡೀತಿದ್ದ. ಇನ್ನೆರಡು ದಿನಕ್ಕೆ, ಮಾರ್ಚ್ 25ಕ್ಕೆ, ವೈಟ್‌ಫೀಲ್ಡ್ ಕಡೆಗೆ ಮೆಟ್ರೋ ಶುರುವಾಗೋದಿತ್ತು. ಮೆಟ್ರೋ ಬಂದರೆ ಫ್ಲ್ಯಾಟಿನ ರೇಟು ಎಷ್ಟು ಏರಬಹುದು ಅಂತ ನಾನು ಉತ್ಸಾಹದಲ್ಲಿ ಹೇಳ್ತಾ ಇದ್ದೆ. ಅಪ್ಪ ಪೂರ್ತಿ ಕೇಳಿಸಿಕೊಂಡು, "ಅದಿರ್ಲಿ, ಸಾಲ ತಂದೀಯಲ್ಲ, ಒಟ್ಟು ಏಟು ಕಟ್ಬೇಕು?" ಅಂದ.

"ತಿಂಗಳಿಗೆ 38 ಸಾವಿರ ಚಿಲ್ಲರೆ ಅಪ್ಪ."

"ತಿಂಗ್ಳುದ್ದಲ್ಲ ಕಣೋ ಕೇಳಿದ್ದು. ಒಟ್ಟು."

ನನಗೆ ಗೊತ್ತಿರಲಿಲ್ಲ. ಹತ್ತು ವರ್ಷದಿಂದ ಸಾಫ್ಟ್‌ವೇರ್ ಬರೀತಿದ್ದೀನಿ, ಅದರಲ್ಲಿ ಮೂರು ವರ್ಷ ಪೇಮೆಂಟ್ ಸಿಸ್ಟಮ್‌ಗಳದ್ದೇ ಕೆಲಸ. ಆದರೂ ನನ್ನ ಬದುಕಿನ ಅತಿ ದೊಡ್ಡ ವ್ಯವಹಾರದ ಒಟ್ಟು ಮೊತ್ತ ನನಗೆ ಗೊತ್ತಿಲ್ಲ. ಸುಮ್ಮನೆ ಬ್ಯಾಂಕಿನ ಆ್ಯಪ್ ತೆಗೆದೆ. ಇನ್ನೂ ಬಾಕಿ ಇರುವ ಕಂತುಗಳ ಸಂಖ್ಯೆ ನೋಡಿ ಎದೆ ಧಸಕ್ಕೆಂದಿತು. ನಾನು ಸಾಲ ತಗೊಂಡಾಗ ಇದ್ದದ್ದು 240 ಕಂತು. ಎರಡು ವರ್ಷ ಒಂದು ತಿಂಗಳೂ ತಪ್ಪದೆ ಕಟ್ಟಿದ ಮೇಲೆ ಬಾಕಿ ಉಳಿದದ್ದು 400ಕ್ಕಿಂತ ಹೆಚ್ಚು!

ಇದು ಹೇಗಾಯ್ತು ಅಂತ ಆಮೇಲೆ ಲೆಕ್ಕ ಹಾಕಿ ತೋರಿಸ್ತೀನಿ. ಅದಕ್ಕೆ ಮೊದಲು ಅಪ್ಪ ಯಾಕೆ ತಿಂಗಳ ಲೆಕ್ಕ ಬಿಟ್ಟು ಒಟ್ಟು ಲೆಕ್ಕ ಕೇಳಿದ ಅನ್ನೋದನ್ನ ಹೇಳಬೇಕು.

ನಮ್ಮದು ಶಿರಾ ತಾಲ್ಲೂಕಿನ ಒಂದು ಹಳ್ಳಿ. ತಾತ ಅತ್ತೆಯ ಮದುವೆಗೆ ಅಂತ ಎರಡು ಎಕರೆ ಹೊಲವನ್ನ ಭೋಗ್ಯಕ್ಕೆ ಹಾಕಿದ್ದ. ಪಟ್ಟಣದಲ್ಲಿ ಹುಟ್ಟಿ ಬೆಳೆದವರಿಗೆ ಭೋಗ್ಯ ಅಂದ್ರೆ ಏನು ಅಂತ ಗೊತ್ತಿರಲಿಕ್ಕಿಲ್ಲ. ಸಾಲ ಕೊಟ್ಟವನು ಬಡ್ಡಿ ಕೇಳಲ್ಲ. ಬಡ್ಡಿಯ ಬದಲಿಗೆ ಹೊಲ ಉಳುತ್ತಾನೆ, ಬೆಳೆ ತಾನೇ ಇಟ್ಟುಕೊಳ್ಳುತ್ತಾನೆ. ಹಾಕಿದ ದುಡ್ಡು ಅಷ್ಟನ್ನೂ ಒಂದೇ ಸಲ ತಂದುಕೊಟ್ಟರೆ ಹೊಲ ವಾಪಸ್. ತರೋಕಾಗಲಿಲ್ಲ ಅಂದ್ರೆ ಹತ್ತು ವರ್ಷ ಕಳೆದರೂ ಅಸಲು ಒಂದು ರೂಪಾಯಿ ಕರಗಲ್ಲ. ನಮ್ಮ ಹೊಲದಲ್ಲಿ ಬೆಳೆದ ರಾಗಿ ಬೇರೆಯವರ ಕಣಕ್ಕೆ ಹೋಗೋದನ್ನ ಅಪ್ಪ ಹುಡುಗನಾಗಿದ್ದಾಗ ನೋಡಿದ್ದಾನೆ. ದೇವರಾಜ ಅರಸು ಸರ್ಕಾರ 1976ರಲ್ಲಿ ಋಣಪರಿಹಾರ ಕಾಯ್ದೆ ತಂದು ಸಣ್ಣ ರೈತರು, ಭೂಹೀನ ಕೂಲಿಗಳು, ಬಡವರು ಮಾಡಿದ್ದ ಖಾಸಗಿ ಸಾಲಗಳನ್ನ ರದ್ದು ಮಾಡಿತಲ್ಲ, ಆಗ ನಮ್ಮ ಹೊಲ ಬಿಡುಗಡೆಯಾಯ್ತು. ಹಾಗಾಗಿ ಅಪ್ಪನಿಗೆ ಸಾಲದ ವಿಷಯದಲ್ಲಿ ಇರೋದು ಎರಡೇ ಪ್ರಶ್ನೆ. ಒಟ್ಟು ಎಷ್ಟು? ಅಸಲು ಕರಗ್ತಾ ಇದೆಯೋ ಇಲ್ಲವೋ?

ಭೋಗ್ಯ ಹಳ್ಳಿಯ ವಿಷಯ, ನಮಗೂ ಅದಕ್ಕೂ ಸಂಬಂಧವಿಲ್ಲ ಅಂದುಕೊಳ್ಳಬೇಡಿ. ಶಿವಾಜಿನಗರ, ಹಲಸೂರು, ಫ್ರೇಜರ್ ಟೌನ್ ಕಡೆ ಓಡಾಡುವಾಗ ಗೇಟಿಗೆ ನೇತುಹಾಕಿದ 'ಲೀಸಿಗೆ ಮನೆ ಇದೆ' ಬೋರ್ಡು ನೋಡಿರ್ತೀರಿ. ಮದುವೆಯಾದ ಹೊಸತರಲ್ಲಿ ನಾವಿಬ್ಬರೂ ಹಲಸೂರಿನಲ್ಲಿ ಅಂಥದೇ ಮನೆಯಲ್ಲಿದ್ದೆವು. ಆರು ಲಕ್ಷ ಕೊಟ್ಟೆವು, ಮೂರು ವರ್ಷ ಬಾಡಿಗೆ ಇಲ್ಲ, ಬಿಡುವಾಗ ಆರು ಲಕ್ಷ ವಾಪಸ್. 'ಬಾಡಿಗೆ ಉಳೀತು' ಅಂತ ಖುಷಿಪಟ್ಟಿದ್ದೆವು. ಅದು ಅದೇ ಭೋಗ್ಯ. ಇಲ್ಲಿ ಸಾಲಗಾರ ಮನೆ ಓನರ್, ಸಾಲ ಕೊಟ್ಟವರು ನಾವು, ನಾವು ವಾಸ ಮಾಡಿದ್ದೇ ಬಡ್ಡಿ. ಬಡ್ಡಿ ಕಣ್ಣಿಗೆ ಕಾಣದಿದ್ದರೆ ಅದು ಇಲ್ಲವೇ ಇಲ್ಲ ಅಂತ ನಮಗೆ ಅನ್ನಿಸಿಬಿಡುತ್ತೆ. ಈ ಮಾತು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತೆ.

ಈಗ ಸ್ವಲ್ಪ ಹಿಂದಕ್ಕೆ ಹೋಗೋಣ. ಸಾವಿರ ವರ್ಷದಷ್ಟು ಹಿಂದಕ್ಕೆ.

ಬೀದರ್ ಜಿಲ್ಲೆಯ ಇವತ್ತಿನ ಬಸವಕಲ್ಯಾಣ ಆಗ ಕಲ್ಯಾಣ, ಚಾಲುಕ್ಯರ ರಾಜಧಾನಿ. ಅಲ್ಲಿ 6ನೇ ವಿಕ್ರಮಾದಿತ್ಯನ ಕಾಲದಲ್ಲಿ (1076–1126) ವಿಜ್ಞಾನೇಶ್ವರ ಎಂಬ ಪಂಡಿತ ಯಾಜ್ಞವಲ್ಕ್ಯ ಸ್ಮೃತಿಗೆ 'ಮಿತಾಕ್ಷರ' ಅನ್ನೋ ವ್ಯಾಖ್ಯಾನ ಬರೆದ. ಆಸ್ತಿ ಪಾಲಿನ ವಿಷಯದಲ್ಲಿ ಮಿತಾಕ್ಷರದ ಹೆಸರು ಇವತ್ತಿಗೂ ಕೋರ್ಟುಗಳಲ್ಲಿ ಕೇಳಿಬರುತ್ತೆ. ಅದೇ ಗ್ರಂಥದಲ್ಲಿ ಸಾಲದ ಬಗ್ಗೆಯೂ ವಿವರವಾದ ನಿಯಮಗಳಿವೆ. ಒತ್ತೆ ಇಟ್ಟು ಪಡೆದ ಸಾಲಕ್ಕೆ ತಿಂಗಳಿಗೆ ಅಸಲಿನ 80ನೇ ಒಂದು ಭಾಗ ಬಡ್ಡಿ. ಅಂದರೆ ತಿಂಗಳಿಗೆ ಶೇ 1.25, ವರ್ಷಕ್ಕೆ ಶೇ 15. ಒತ್ತೆ ಇಲ್ಲದ ಸಾಲಕ್ಕೆ ವರ್ಣ ನೋಡಿ ದರ: ಬ್ರಾಹ್ಮಣನಿಗೆ ತಿಂಗಳಿಗೆ ಶೇ 2, ಕ್ಷತ್ರಿಯನಿಗೆ 3, ವೈಶ್ಯನಿಗೆ 4, ಶೂದ್ರನಿಗೆ 5. ಅತಿ ಕಡಿಮೆ ಇದ್ದವನಿಗೇ ಅತಿ ಹೆಚ್ಚು ಬಡ್ಡಿ. ಹಳೆಯದೆಲ್ಲ ಚಿನ್ನ ಅಂತ ಹೇಳೋಕೆ ನಾನು ಈ ಕಥೆ ತೆಗೆದಿಲ್ಲ ಅನ್ನೋದು ಇದರಿಂದಲೇ ಗೊತ್ತಾಗಲಿ.

ಆದರೆ ಅದೇ ಧರ್ಮಶಾಸ್ತ್ರಗಳಲ್ಲಿ ಒಂದು ಬ್ರೇಕ್ ಕೂಡ ಇತ್ತು. ಮನುಸ್ಮೃತಿ ಹೇಳುವಂತೆ, ದುಡ್ಡಿನ ಸಾಲವನ್ನ ಒಂದೇ ಸಲಕ್ಕೆ ವಸೂಲು ಮಾಡುವಾಗ ಬಡ್ಡಿ ಸೇರಿ ಬರುವ ಮೊತ್ತ ಅಸಲಿನ ಎರಡರಷ್ಟನ್ನ ದಾಟಬಾರದು. ಬಡ್ಡಿ ಬೆಳೆಯುತ್ತಾ ಹೋಗಿ ಅಸಲಿಗೆ ಸಮನಾದ ಕ್ಷಣ ಮೀಟರ್ ನಿಂತುಹೋಗಬೇಕು. ಇದಕ್ಕೆ ಆಮೇಲೆ 'ದಾಮ್‌ದುಪಟ್' ಅಂತ ಹೆಸರಾಯ್ತು. ನಾವು ಆಡುಮಾತಲ್ಲಿ ಹೇಳುವ ದುಪ್ಪಟ್ಟೇ ಅದು. ಬ್ರಿಟಿಷರು ಬಂದ ಮೇಲೂ ಬಾಂಬೆ ಪ್ರಾಂತ್ಯದ ಕೋರ್ಟುಗಳು ಈ ನಿಯಮವನ್ನ ಹಿಂದೂ ಸಾಲಗಾರರಿಗೆ ಅನ್ವಯಿಸುತ್ತಿದ್ದವು. ಧಾರವಾಡ, ಬೆಳಗಾವಿ, ವಿಜಯಪುರ ಆಗ ಬಾಂಬೆ ಪ್ರಾಂತ್ಯಕ್ಕೇ ಸೇರಿದ್ದವು. ಅಂದರೆ ನಮ್ಮ ಹಿರೀಕರು ಸಾಲವನ್ನ ಅಳೆಯುತ್ತಿದ್ದದ್ದು ಬಡ್ಡಿ ದರದಿಂದ ಮಾತ್ರ ಅಲ್ಲ, ಒಟ್ಟು ಮೊತ್ತದಿಂದಲೂ. ಒಟ್ಟಿಗೆ ಒಂದು ಗೆರೆ ಎಳೆದಿದ್ದರು.

ಅದಕ್ಕಿಂತಲೂ ಹಿಂದೆ, 9ನೇ ಶತಮಾನದಲ್ಲಿ, ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗನ ಕಾಲದಲ್ಲಿ ಮಹಾವೀರಾಚಾರ್ಯ 'ಗಣಿತಸಾರಸಂಗ್ರಹ' ಬರೆದ. ಅದರಲ್ಲಿ ಬಡ್ಡಿ ಲೆಕ್ಕಗಳಿಗೆ ದೊಡ್ಡ ಜಾಗ ಇದೆ. ಆ ಅಧ್ಯಾಯದ ಹೆಸರೇ 'ಮಿಶ್ರಕ ವ್ಯವಹಾರ'. ಅಸಲು ಬಡ್ಡಿ ಎರಡೂ ಬೆರೆತ ಮೊತ್ತ ಕೊಟ್ಟಿರುತ್ತಾರೆ. ಅದರಲ್ಲಿ ಅಸಲೆಷ್ಟು, ಬಡ್ಡಿಯೆಷ್ಟು ಬೇರ್ಪಡಿಸಬೇಕು. ತಿಂಗಳಿಗೊಮ್ಮೆ ನಮ್ಮ ಅಕೌಂಟಿಂದ ಹೋಗುವ ಇಎಂಐ ಕೂಡ ಒಂದು ಮಿಶ್ರಕವೇ. ಬೇರ್ಪಡಿಸಿ ನೋಡೋ ಅಭ್ಯಾಸ ಮಾತ್ರ ನಮಗೆ ತಪ್ಪಿಹೋಗಿದೆ.

ಇನ್ನು ಬೆಂಗಳೂರಿಗೆ ಬರೋಣ. 1898ರಲ್ಲಿ ಪ್ಲೇಗ್ ಬಂದು ಊರು ತತ್ತರಿಸಿದಾಗ ಇಕ್ಕಟ್ಟಾದ ಗಲ್ಲಿಗಳಿಂದ ಜನರನ್ನ ಹೊರಗೆ ಹರಡಬೇಕಾಯ್ತು. ಮಹಾರಾಜರ ಆಡಳಿತದ ಸಿಟಿ ಕಡೆ ಬಸವನಗುಡಿ, ಮಲ್ಲೇಶ್ವರ ಎದ್ದವು. ಬ್ರಿಟಿಷರ ಆಡಳಿತದಲ್ಲಿದ್ದ ಕಂಟೋನ್ಮೆಂಟ್ ಕಡೆ ಫ್ರೇಜರ್ ಟೌನ್ ಹುಟ್ಟಿತು. ಅದು ಆಗಿನ ರೆಸಿಡೆಂಟ್ ಸ್ಟುವರ್ಟ್ ಫ್ರೇಜರ್ ಹೆಸರು. ಜಾಗವೇನೋ ಸಿಕ್ಕಿತು, ಸಂಬಳದವನು ಮನೆ ಕಟ್ಟೋಕೆ ದುಡ್ಡೆಲ್ಲಿಂದ ತರಬೇಕು? ಮೈಸೂರು ಸಂಸ್ಥಾನದಲ್ಲಿ ಇದಕ್ಕೆ ಸಿಕ್ಕ ಒಂದು ಉತ್ತರ ಸಹಕಾರ. 1909ರಲ್ಲಿ ಶುರುವಾದ ಬೆಂಗಳೂರು ಬಿಲ್ಡಿಂಗ್ ಕೋ-ಆಪರೇಟಿವ್ ಸೊಸೈಟಿಯಿಂದಲೇ ದೇಶದ ಗೃಹನಿರ್ಮಾಣ ಸಹಕಾರ ಸಂಘಗಳ ಚರಿತ್ರೆ ಶುರುವಾಗುತ್ತೆ. ಹೋಮ್ ಲೋನ್ ಕಟ್ಟೀ ಕಟ್ಟೀ ಸುಸ್ತಾದ ಊರು ನಮ್ಮದು ಅಂತ ಗೊತ್ತಿತ್ತು. ಒಟ್ಟಾಗಿ ದುಡ್ಡು ಹಾಕಿ ಮನೆ ಕಟ್ಟುವ ದಾರಿಯನ್ನ ದೇಶಕ್ಕೆ ಮೊದಲು ತೋರಿಸಿದ್ದೂ ಇದೇ ಊರು ಅಂತ ನನಗೆ ಗೊತ್ತಿರಲಿಲ್ಲ.

ಇಂಥ ಕೂಟದ ಮೂಲ ಇಂಗ್ಲೆಂಡಿನಲ್ಲಿದೆ. 1775ರಲ್ಲಿ ಬರ್ಮಿಂಗ್‌ಹ್ಯಾಮಿನ ಒಂದು ಹೋಟೆಲಿನಲ್ಲಿ ಅದರ ಮಾಲೀಕ ರಿಚರ್ಡ್ ಕೆಟ್ಲಿ ಮೊದಲ ಬಿಲ್ಡಿಂಗ್ ಸೊಸೈಟಿ ಶುರುಮಾಡಿದ. ಎಲ್ಲರೂ ತಿಂಗಳು ತಿಂಗಳು ದುಡ್ಡು ಹಾಕೋದು, ಸರದಿ ಮೇಲೆ ಒಬ್ಬೊಬ್ಬರಿಗೆ ಮನೆ, ಕೊನೆಯವನಿಗೆ ಮನೆ ಆದ ಮೇಲೆ ಸಂಘ ಬರಖಾಸ್ತು. ನಮ್ಮ ಚೀಟಿ ಇದ್ದಂಗೆ. ಅಂಥ ಸಂಘಕ್ಕೆ ಒಂದು ಕೊನೆ ಅನ್ನೋದಿತ್ತು.

ಸ್ವಾತಂತ್ರ್ಯದ ಆಸುಪಾಸಲ್ಲಿ ನಮ್ಮ ಪೂರ್ವ ಬೆಂಗಳೂರಿಗೆ ಸಂಬಳ ಬಂತು. 1940ರಲ್ಲಿ ಎಚ್‌ಎಎಲ್, 1948ರಲ್ಲಿ ಕೆ.ಆರ್. ಪುರದ ಪಕ್ಕ ದೂರವಾಣಿನಗರದಲ್ಲಿ ಐಟಿಐ. ಇಂದಿರಾನಗರದ ವಿಳಾಸಗಳಲ್ಲಿ ಇವತ್ತಿಗೂ 'ಎಚ್‌ಎಎಲ್ 2ನೇ ಹಂತ' ಅಂತ ಬರೀತಾರಲ್ಲ, ಅದು ಆ ಕಾಲದ ಗುರುತು. ಹಲಸೂರಿನ ನಮ್ಮ ಓನರ್ ಅಂಕಲ್ ಕೇಂದ್ರ ಸರ್ಕಾರದ ನೌಕರಿಯಿಂದ ರಿಟೈರ್ ಆದವರು. ಮನೆ ಕಟ್ಟಿದ್ದು ಆಫೀಸಿನ ಹೌಸ್ ಬಿಲ್ಡಿಂಗ್ ಅಡ್ವಾನ್ಸ್ ತಗೊಂಡು. "ನಮಗೆಲ್ಲ ಮೊದಲು ಅಸಲು ತೀರ್ತಿತ್ತು, ಆಮೇಲೆ ಬಡ್ಡಿ" ಅಂತ ಅವರು ಯಾವಾಗಲೋ ಹೇಳಿದ್ದನ್ನ ನಾನು ಕಿವಿಗೆ ಹಾಕಿಕೊಂಡಿರಲಿಲ್ಲ. ಅಪ್ಪ ಪ್ರಶ್ನೆ ಕೇಳಿದ ಮೇಲೆ ನಿಯಮ ಹುಡುಕಿ ಓದಿದೆ. ನಿಜ. ಅಸಲನ್ನ ಗರಿಷ್ಠ 180 ಕಂತಿನಲ್ಲಿ ಮೊದಲು ತೀರಿಸಬೇಕು, ನಂತರ 60 ಕಂತಿನಲ್ಲಿ ಬಡ್ಡಿ. ಅದೂ ಸರಳ ಬಡ್ಡಿ. 2017ರಲ್ಲಿ ಇದರ ದರ ಶೇ 8.5 ಇತ್ತು, ಮಿತಿ 25 ಲಕ್ಷ.

ಲೆಕ್ಕಕ್ಕೋಸ್ಕರ 50 ಲಕ್ಷ ಅಂತ ಇಟ್ಟುಕೊಳ್ಳಿ. ಶೇ 8.5, 20 ವರ್ಷ. ಅಡ್ವಾನ್ಸ್ ಪದ್ಧತಿಯಲ್ಲಿ ಒಟ್ಟು ಬಡ್ಡಿ ಸುಮಾರು 32 ಲಕ್ಷ. ನಮ್ಮ ನಿಮ್ಮ ಇಎಂಐ ಪದ್ಧತಿಯಲ್ಲಿ ತಿಂಗಳಿಗೆ 43,391 ರೂಪಾಯಿಯಂತೆ 240 ತಿಂಗಳಿಗೆ ಸುಮಾರು 1 ಕೋಟಿ 4 ಲಕ್ಷ, ಅದರಲ್ಲಿ ಬಡ್ಡಿ 54 ಲಕ್ಷ. ಅದೇ ಅಸಲು, ಅದೇ ದರ, ಅದೇ 20 ವರ್ಷ. ಬದಲಾಗಿದ್ದು ಯಾವುದು ಮೊದಲು ತೀರಬೇಕು ಅನ್ನೋ ಕ್ರಮ ಮಾತ್ರ. ಕೋಡಿಂಗ್ ಮಾಡುವವರಿಗೆ ಇದನ್ನ ಹೆಚ್ಚು ವಿವರಿಸಬೇಕಿಲ್ಲ. ಸರ್ಕಾರ ತನ್ನ ನೌಕರನಿಗೆ ಕೊಡುವ ಸವಲತ್ತು ಅದು, ಬ್ಯಾಂಕ್ ಹಾಗೆ ಕೊಡೋಕಾಗಲ್ಲ ಅನ್ನೋದೂ ಸರಿ. ಆದರೆ 'ಶೇ 8.5' ಅನ್ನೋ ಒಂದು ಸಂಖ್ಯೆಯಿಂದ ಸಾಲದ ನಿಜವಾದ ಬೆಲೆ ಗೊತ್ತಾಗಲ್ಲ ಅನ್ನೋದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ?

ಹಾಗಂತ ಇಎಂಐ ಕೆಟ್ಟ ಆವಿಷ್ಕಾರ ಅಲ್ಲ. 1930ರ ದಶಕಕ್ಕೆ ಮೊದಲು ಅಮೆರಿಕದಲ್ಲಿ ಮನೆ ಸಾಲ ಐದು-ಹತ್ತು ವರ್ಷದ್ದು. ಬಹಳಷ್ಟು ಜನ ಅವಧಿಯುದ್ದಕ್ಕೂ ಹೆಚ್ಚಾಗಿ ಬಡ್ಡಿಯನ್ನೇ ಕಟ್ಟಿ, ಕೊನೆಗೆ ಅಸಲಿನ ದೊಡ್ಡ ಪಾಲನ್ನ ಒಂದೇ ಸಲ ಕೊಡಬೇಕಿತ್ತು. ಹೆಚ್ಚೂಕಮ್ಮಿ ನಮ್ಮ ತಾತನ ಭೋಗ್ಯದ ಥರವೇ. ಮಹಾ ಆರ್ಥಿಕ ಕುಸಿತ ಬಂದಾಗ ಕೊನೆಯ ಮೊತ್ತ ಹೊಂದಿಸಲಾಗದೆ ಲಕ್ಷಾಂತರ ಜನ ಮನೆ ಕಳೆದುಕೊಂಡರು. ಆಮೇಲೆ 1934ರಲ್ಲಿ ಬಂದ ಫೆಡರಲ್ ಹೌಸಿಂಗ್ ಅಡ್ಮಿನಿಸ್ಟ್ರೇಷನ್, ಪ್ರತಿ ಕಂತಿನಲ್ಲೂ ಸ್ವಲ್ಪ ಅಸಲು ಕರಗುವ ದೀರ್ಘಾವಧಿಯ ಸಾಲವನ್ನ ಅಲ್ಲಿ ರೂಢಿಗೆ ತಂದಿತು. ನಮ್ಮಲ್ಲಿ 1977ರಲ್ಲಿ ಎಚ್‌ಡಿಎಫ್‌ಸಿ, 1987ರಲ್ಲಿ ಬೆಂಗಳೂರಿನಲ್ಲೇ ಕ್ಯಾನ್‌ಫಿನ್ ಹೋಮ್ಸ್ ಶುರುವಾದವು; ಜಮೀನು ಒಡವೆ ಮಾರದೆಯೂ ಸಂಬಳದವನು ಮನೆ ಕೊಳ್ಳಬಹುದಾಯ್ತು. ನನ್ನಂಥ ಹಳ್ಳಿ ಹುಡುಗ 32ನೇ ವಯಸ್ಸಿಗೆ ಕೆ.ಆರ್. ಪುರದಲ್ಲಿ ಮನೆ ಕೊಂಡಿದ್ದು ಅದರಿಂದಲೇ.

ಆದರೆ ಅಸಲು ಕರಗುತ್ತೆ ಅನ್ನೋ ಆ ಭರವಸೆ ಯಾವಾಗ ಬೇಕಾದರೂ ಸದ್ದಿಲ್ಲದೆ ಕೈಕೊಡಬಹುದು. ನನಗಾದದ್ದು ಅದೇ.

2021ರ ಜನವರಿಯಲ್ಲಿ ತಗೊಂಡ ಸಾಲ 50 ಲಕ್ಷ, 20 ವರ್ಷ, ಶೇ 6.9. ಕೊರೊನಾ ಕಾಲ, ರೆಪೊ ದರ ಶೇ 4ಕ್ಕೆ ಇಳಿದಿತ್ತು. ಇಎಂಐ 38,465. ಮೊದಲ ಕಂತಿನಲ್ಲಿ ಬಡ್ಡಿ 28,750, ಅಸಲಿಗೆ 9,715. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಗೃಹಸಾಲಗಳೆಲ್ಲ ರೆಪೊದಂಥ ಹೊರಗಿನ ದರಕ್ಕೆ ಜೋಡಣೆಯಾಗಿವೆ. ರೆಪೊ ಇಳಿದರೆ ಲಾಭ ಬೇಗ ಸಿಗುತ್ತೆ, ಏರಿದರೆ ಏಟೂ ಬೇಗ ಬೀಳುತ್ತೆ. 2022ರ ಮೇ ತಿಂಗಳಿಂದ 2023ರ ಫೆಬ್ರುವರಿಯೊಳಗೆ ರೆಪೊ ಶೇ 4ರಿಂದ 6.5ಕ್ಕೆ ಹೋಯ್ತು. ನನ್ನ ದರ ಶೇ 9.4 ಆಯ್ತು.

ಇಎಂಐ ಮಾತ್ರ ಏರಲಿಲ್ಲ. ಅಕೌಂಟಿಂದ ಪ್ರತಿ ತಿಂಗಳು ಅದೇ 38,465 ಹೋಗ್ತಿತ್ತು. ಹಾಗಾಗಿ ನಾನು ತಲೆಕೆಡಿಸಿಕೊಳ್ಳಲಿಲ್ಲ. 'ದರ ಪರಿಷ್ಕರಣೆಯಾಗಿದೆ' ಅನ್ನೋ ಮೆಸೇಜುಗಳು ಆಫರ್ ಮೆಸೇಜುಗಳ ನಡುವೆ ಎಲ್ಲೋ ಹೂತುಹೋಗಿದ್ದವು. ಇಎಂಐ ಬದಲಿಗೆ ಅವಧಿ ಏರಿತ್ತು. ಲೆಕ್ಕ ಸುಲಭವಾಗಲಿ ಅಂತ 24 ಕಂತು ಆದ ಮೇಲೆ ದರ ಒಮ್ಮೆಲೇ ಏರಿತು ಅಂದುಕೊಳ್ಳಿ. ಬಾಕಿ ಅಸಲು ಸುಮಾರು 47.5 ಲಕ್ಷ. ಅದಕ್ಕೆ ಒಂದು ತಿಂಗಳ ಬಡ್ಡಿಯೇ 37,214. ಅಸಲಿಗೆ ಹೋಗುವುದು 1,251 ರೂಪಾಯಿ! ಆ ಲೆಕ್ಕದಲ್ಲಿ ಇನ್ನೂ 439 ಕಂತು, ಅಂದರೆ 36 ವರ್ಷಕ್ಕೂ ಹೆಚ್ಚು. ಒಟ್ಟು ಕಟ್ಟುವುದು ಸುಮಾರು 1 ಕೋಟಿ 78 ಲಕ್ಷ. ತಗೊಂಡದ್ದು 50.

ಬಾಲ್ಕನಿಯಲ್ಲಿ ಅಪ್ಪನಿಗೆ ಇದನ್ನ ವಿವರಿಸಿದೆ. ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು, "ಇದು ಭೋಗ್ಯನೇ ಕಣೋ" ಅಂದ. ಅಂದು ರಾಗಿ ಹೋಗ್ತಿತ್ತು, ಇಂದು ಸಂಬಳ ಹೋಗ್ತಿದೆ.

ಹಳೇ ದಾಮ್‌ದುಪಟ್ ನಿಯಮ ಇವತ್ತೂ ಇದ್ದಿದ್ದರೆ ನನ್ನನ್ನ ಕಾಪಾಡುತ್ತಿತ್ತಾ? ಆ ಯೋಚನೆ ನನಗೂ ಬಂತು. ಇಲ್ಲ, ಕಾಪಾಡುತ್ತಿರಲಿಲ್ಲ. ಆ ಗೆರೆ ಇದ್ದದ್ದು ಕಟ್ಟದೆ ಗುಡ್ಡೆಯಾದ ಬಡ್ಡಿಗೆ, ಒಂದೇ ಸಲಕ್ಕೆ ವಸೂಲು ಮಾಡುವ ಮೊತ್ತಕ್ಕೆ. ಇಎಂಐ ಕಟ್ಟುವವನ ಬಡ್ಡಿ ಗುಡ್ಡೆಯಾಗಲ್ಲ. ತಿಂಗಳು ತಿಂಗಳು ಮೊದಲು ಅದೇ ವಸೂಲಾಗುತ್ತೆ. ಹಾಗಾಗಿ ನಾನು ಎರಡರಷ್ಟಲ್ಲ, ಮೂರೂವರೆ ಪಟ್ಟು ಕಟ್ಟಿದರೂ ಯಾವತ್ತೂ ಆ ಗೆರೆ ದಾಟಿದ ಹಾಗೆ ಆಗಲ್ಲ. ಹಳೇ ಕಾಲದಲ್ಲಿ ಸಾಲ ಬೆಳೀತಾ ಇರೋದು ಕಣ್ಣಿಗೆ ಕಾಣುತ್ತಿತ್ತು, ಹಾಗಾಗಿ ಗೆರೆ ಎಳೆಯೋಕೂ ಆಯ್ತು. ಈಗಿನ ಸಾಲದಲ್ಲಿ ಬೆಳೆಯೋದು ವರ್ಷಗಳು, ಅದಕ್ಕೆ ಗೆರೆ ನಾವೇ ಎಳೆದುಕೊಳ್ಳಬೇಕು.

ನಿಯಮಗಳೂ ಈ ಕಡೆ ನಿಧಾನಕ್ಕೆ ಬಂದಿವೆ. 2012ರಲ್ಲಿ ಆರ್‌ಬಿಐ, ಬ್ಯಾಂಕುಗಳು ಫ್ಲೋಟಿಂಗ್ ಗೃಹಸಾಲವನ್ನ ಅವಧಿಗೆ ಮೊದಲೇ ತೀರಿಸಿದವರಿಗೆ ದಂಡ ಹಾಕಬಾರದು ಅಂದಿತು. 2023ರ ಆಗಸ್ಟಿನಲ್ಲಿ, ಅಂದರೆ ಅಪ್ಪ ಪ್ರಶ್ನೆ ಕೇಳಿದ ಐದು ತಿಂಗಳಿಗೆ, ದರ ಏರಿದರೆ ಇಎಂಐ ಮೇಲೋ ಅವಧಿ ಮೇಲೋ ಏನು ಪರಿಣಾಮ ಅಂತ ಗ್ರಾಹಕನಿಗೆ ತಿಳಿಸಬೇಕು, ಇಎಂಐ ಏರಿಸೋದೋ ಅವಧಿ ಹಿಗ್ಗಿಸೋದೋ ಅನ್ನೋ ಆಯ್ಕೆ ಕೊಡಬೇಕು, ಕಟ್ಟಿದ್ದು ಬಡ್ಡಿಗೂ ಸಾಲದೆ ಅಸಲು ಬೆಳೆಯುವಂತಾಗಬಾರದು ಅಂತ ಆದೇಶ ಬಂತು. 2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ ಶುಲ್ಕಗಳೂ ಸೇರಿದ ವಾರ್ಷಿಕ ದರ ಮತ್ತು ಕಂತಿನ ಪಟ್ಟಿ ಇರುವ ಮುಖ್ಯಾಂಶಗಳ ಹಾಳೆ ಕೊಡಲೇಬೇಕು. ಮಹಾವೀರಾಚಾರ್ಯನ ಮಿಶ್ರಕ ಲೆಕ್ಕವನ್ನ ಬ್ಯಾಂಕೇ ಬಿಡಿಸಿ ಕೊಡುವ ಕಾಲ ಬಂತು ಅನ್ನಿ.

ಒಂದು ಆಕ್ಷೇಪ ಬರುತ್ತೆ, ಆಫೀಸಲ್ಲೂ ಬಂತು. "20 ವರ್ಷದ ಮೇಲಿನ 38 ಸಾವಿರಕ್ಕೂ ಇವತ್ತಿನ 38 ಸಾವಿರಕ್ಕೂ ಒಂದೇ ಬೆಲೆನಾ? ಸಾಲ ಇಲ್ಲದಿದ್ದರೆ ಬಾಡಿಗೆ ಕಟ್ತಿರಲಿಲ್ವಾ?" ಸರಿಯಾದ ಮಾತೇ. ಒಟ್ಟು ಮೊತ್ತವೇ ಪೂರ್ತಿ ಸತ್ಯ ಅಲ್ಲ. ಹಣದುಬ್ಬರ ಸಾಲಗಾರನ ಪರವಾಗಿ ಕೆಲಸ ಮಾಡುತ್ತೆ. ಆದರೆ ಆ ವಾದ ನಿಲ್ಲೋದು ನಮ್ಮ ಸಂಬಳ ಏರುತ್ತಲೇ ಇರುತ್ತೆ ಅನ್ನೋ ನಂಬಿಕೆ ಮೇಲೆ. ನನ್ನ 439 ಕಂತು ಮುಗಿಯುವಾಗ ನನಗೆ 70 ದಾಟಿರುತ್ತೆ. ಲೇಆಫ್ ಸುದ್ದಿ ಬಂದ ಶುಕ್ರವಾರಗಳಲ್ಲಿ ನಮ್ಮ ಫ್ಲೋರಿನ ಮೌನ ಹೇಗಿರುತ್ತೆ ಅಂತ ಗೊತ್ತಿರುವವರು ಆ ನಂಬಿಕೆಯನ್ನ ಎಷ್ಟು ದೂರ ಎಳೆಯಬಹುದು ಅಂತ ತಾವೇ ಯೋಚಿಸಲಿ.

ನಾನು ಮಾಡಿದ್ದು ಇಷ್ಟು. ಮಾರನೇ ವಾರ ಬ್ರಾಂಚಿಗೆ ಹೋಗಿ, ಅವಧಿ ಮೊದಲಿನ 20 ವರ್ಷಕ್ಕೇ ಬರುವ ಹಾಗೆ ಇಎಂಐ ಏರಿಸಿ ಅಂದೆ. 45,700ರ ಹತ್ತಿರ ಆಯ್ತು. ತಿಂಗಳಿಗೆ ಸುಮಾರು 7,200 ಹೆಚ್ಚು, ಆದರೆ ಉಳಿದದ್ದು 18 ವರ್ಷಕ್ಕೂ ಹೆಚ್ಚು ಕಾಲ. ಅರ್ಜಿ, ಸಹಿ, ಎರಡು ಸಲ ಓಡಾಟ, ಮುಗೀತು. ಆಮೇಲೆ ಬೋನಸ್ ಬಂದಾಗಲೆಲ್ಲ ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ತಿದ್ದೀನಿ. ಮೇಲೆ ಹೇಳಿದ ಶೇ 8.5ರ ಉದಾಹರಣೆಯಲ್ಲಿ ಮೊದಲ ವರ್ಷದಿಂದ ಹೀಗೆ ಮಾಡಿದರೆ ಸಾಲ ಮೂರು ವರ್ಷಕ್ಕಿಂತ ಹೆಚ್ಚು ಬೇಗ ತೀರುತ್ತೆ, ಹತ್ತು ಲಕ್ಷದಷ್ಟು ಉಳಿಯುತ್ತೆ. 2025ರಲ್ಲಿ ರೆಪೊ ಇಳಿದಾಗಲೂ ನಾನು ಇಎಂಐ ಇಳಿಸಿಕೊಳ್ಳಲಿಲ್ಲ.

ನೀವೂ ಈ ಶನಿವಾರ ಹತ್ತು ನಿಮಿಷ ತೆಗೆದು ನಿಮ್ಮ ಸ್ಟೇಟ್‌ಮೆಂಟ್ ನೋಡಿ. ಮೂರೇ ಸಂಖ್ಯೆ ಸಾಕು: ಹೋದ ತಿಂಗಳು ಅಸಲಿಗೆ ಹೋದದ್ದೆಷ್ಟು, ಬಾಕಿ ಕಂತೆಷ್ಟು, ಇಲ್ಲಿಯವರೆಗೆ ಕಟ್ಟಿದ್ದು ಮತ್ತು ಮುಂದೆ ಕಟ್ಟುವುದು ಸೇರಿ ಒಟ್ಟೆಷ್ಟು. ಮೂರನೆಯದು ಆ್ಯಪಿನಲ್ಲಿ ಸಿಗದಿದ್ದರೆ ಗುಣಿಸಿ ಕೂಡಿಕೊಳ್ಳಿ. ಮನೆಯವರಿಗೂ ಹೇಳಿ.

ಈಗ ಅಪ್ಪ ಫೋನ್ ಮಾಡಿದಾಗ ಮಳೆ, ಹಸು, ಮೊಮ್ಮಗಳ ಸ್ಕೂಲು ಎಲ್ಲ ಆದ ಮೇಲೆ ಕೊನೆಗೆ ಕೇಳೇ ಕೇಳ್ತಾನೆ: "ಅಸಲು ಎಲ್ಲಿಗೆ ಬಂತಪ್ಪ?" ನಾನು ಆ್ಯಪ್ ತೆಗೆಯದೇ ಹೇಳ್ತೀನಿ.